ವಾಡೆಯ ಯಜಮಾನಿಕೆ

ನಾನು ನಾಗಮಂಗಲದ ಕಾಲೇಜೊಂದರಲ್ಲಿ ಅರ್ಥಶಾಸ್ತ್ರದ ಮೇಷ್ಟ್ರು. ಕೇಂದ್ರೀಕೃತ ಯೋಜನೆ, ವಿಕೇಂದ್ರೀಕರಣ, ಮುಕ್ತ ಮಾರುಕಟ್ಟೆ ಎಂದು ವರ್ಷಕ್ಕೊಮ್ಮೆ ಬೋರ್ಡಿನ ಮೇಲೆ ಬರೆಯುತ್ತೇನೆ, ಹುಡುಗರು ಆಕಳಿಸುವುದನ್ನು ನೋಡಿ ಅಳಿಸುತ್ತೇನೆ. ಇದಕ್ಕೆಲ್ಲ ರಷ್ಯಾದ ಉದಾಹರಣೆ ಕೊಡಬೇಕಂತೆ. ಬಿಂಡಿಗನವಿಲೆಯಲ್ಲಿ ನಮ್ಮವ್ವ ಇರುವಾಗ ರಷ್ಯಾದವರೆಗೆ ಯಾಕೆ ಹೋಗಬೇಕು ಎಂಬುದು ನನಗೆ ಇವತ್ತಿಗೂ ಅರ್ಥವಾಗಿಲ್ಲ.

ನಮ್ಮವ್ವ ಜಯಲಕ್ಷ್ಮಮ್ಮನ ಸರ್ಕಾರ ನಡೆಯುವುದು ಕಾಳು ತುಂಬಿಡುವ ಎರಡು ಮಣ್ಣಿನ ವಾಡೆಗಳಿಂದ. ದೊಡ್ಡ ವಾಡೆಯಲ್ಲಿ ವರ್ಷದ ಊಟದ ರಾಗಿ, ಚಿಕ್ಕದರಲ್ಲಿ ಬಿತ್ತನೆ ರಾಗಿ. ದೊಡ್ಡದಕ್ಕೆ ಕೈ ಹಾಕಲು ಅವಳ ಅಪ್ಪಣೆ ಬೇಕು. ಚಿಕ್ಕದಕ್ಕೆ ಅಪ್ಪಣೆ ಕೇಳುವ ಧೈರ್ಯವೂ ಯಾರಿಗೂ ಇಲ್ಲ. ಬೂದಿ, ಹೊಂಗೆಸೊಪ್ಪು ಬೆರೆಸಿ, ಬಾಯಿಗೆ ಸಗಣಿ ಮೆತ್ತಿ ಅವಳೇ ಮುಚ್ಚುತ್ತಾಳೆ, ಬಿತ್ತನೆಯ ದಿನ ಅವಳೇ ಒಡೆಯುತ್ತಾಳೆ. ಆ ಬೀಜ ಅವಳಿಗೆ ಅವಳ ಅತ್ತೆ ಕೊಟ್ಟದ್ದು, ಆ ಅತ್ತೆಗೆ ಆಕೆಯ ಅತ್ತೆ ಕೊಟ್ಟದ್ದು. ಕಪ್ಪುಗೆಂಪು ಸಣ್ಣ ಕಾಳು. ಅದರ ಮುದ್ದೆ ಉಂಡವನಿಗೆ ಬೇರೆ ಮುದ್ದೆ ಗಂಟಲಿಗಿಳಿಯುವುದಿಲ್ಲ, ಇದನ್ನು ನಾನು ಮಗನಾಗಿ ಹೇಳುತ್ತಿಲ್ಲ, ನಾಲಿಗೆ ಇರುವವನಾಗಿ ಹೇಳುತ್ತಿದ್ದೇನೆ.

ಪಕ್ಕದ ಮನೆಯ ಕರಿಯಯ್ಯ ಎಷ್ಟೋ ಸಲ ಬೀಜ ಕೇಳಿ ಸೋತ. ಉಣ್ಣುವುದಕ್ಕೆ ಸಾಲ ಕೇಳಿದರೂ ಅವ್ವ ಹಿಟ್ಟು ಮಾಡಿಸಿ ಕೊಡುತ್ತಿದ್ದಳೇ ಹೊರತು ಕಾಳು ಕೊಡುತ್ತಿರಲಿಲ್ಲ. ಕಾಳು ಕೈಗೆ ಸಿಕ್ಕರೆ ಬಿತ್ತಿಕೊಂಡುಬಿಟ್ಟಾನು ಎಂಬ ಭಯ.

"ಕೊಟ್ರೆ ಏನವ್ವ ಹೋಗೋದು?" ಎಂದು ಒಮ್ಮೆ ಕೇಳಿದ್ದೆ.

"ಊರ್ಗೆಲ್ಲಾ ಆಗ್ಬುಟ್ರೆ ನಮ್ದು ಅನ್ನೋದು ಏನ್ಲಾ ಉಳೀತದೆ?" ಎಂದಳು.

ಹೀಗಿರುವಾಗ ಸರ್ಕಾರ ಬೆಂಬಲ ಬೆಲೆಗೆ ರಾಗಿ ಕೊಳ್ಳುತ್ತೇನೆಂದಿತು. ಬೇಸಾಯ ನೋಡಿಕೊಳ್ಳುವವನು ನನ್ನಣ್ಣ ಶಿವಶಂಕರ. ಇಪ್ಪತ್ತು ಕ್ವಿಂಟಾಲ್ ಕೊಡುತ್ತೇನೆಂದು ಹೆಸರು ನೋಂದಾಯಿಸಿ, ಅದನ್ನು ಅರಳಿಕಟ್ಟೆಯಲ್ಲೂ ಸಾರಿ ಬಂದಿದ್ದ. ಒಕ್ಕಣೆ ಮುಗಿದಾಗ ಎರಡು ಕ್ವಿಂಟಾಲ್ ಕಮ್ಮಿ. ಬುದ್ಧಿ ಇರುವವನು ಹದಿನೆಂಟು ಕೊಟ್ಟು ಸುಮ್ಮನಾಗುತ್ತಿದ್ದ. ನಮ್ಮಣ್ಣ ಮಾನಸ್ಥ, ಗುರಿ ಮುಟ್ಟದೆ ಬಿಡುವವನಲ್ಲ. ಅವ್ವ ಅಕ್ಕಿಹೆಬ್ಬಾಳಿನ ತನ್ನ ತಂಗಿಯ ಮನೆಗೆ ಹೋಗಿದ್ದಾಗ ದೊಡ್ಡ ವಾಡೆಯನ್ನು ಚೀಲಕ್ಕೆ ಸುರಿದ. ಊಟಕ್ಕೆ ಹೇಗೂ ರೇಷನ್ ರಾಗಿ ಬರುತ್ತದಲ್ಲ. ಆದರೂ ಕೊನೆಯ ಚೀಲದ ಬಾಯಿ ತುಂಬಲಿಲ್ಲ. ಚಿಕ್ಕ ವಾಡೆಯನ್ನೂ ಒಡೆದು, ಬೂದಿ ತೂರಿ, ಸುರಿದ. ಬಿತ್ತನೆಗೆ ರೈತ ಸಂಪರ್ಕ ಕೇಂದ್ರದಲ್ಲಿ ಬೀಜ ಕೊಡುತ್ತಾರಲ್ಲ.

ನೋಡಿ, ಒಂದೂ ತಪ್ಪಿಲ್ಲದ ಲೆಕ್ಕಾಚಾರ. ಪರೀಕ್ಷೆಯಲ್ಲಿ ಬರೆದಿದ್ದರೆ ನಾನೇ ಪೂರ್ತಿ ಅಂಕ ಕೊಡುತ್ತಿದ್ದೆ.

ಊರಿಂದ ಬಂದ ಅವ್ವ ಕೈಕಾಲು ತೊಳೆದು ಒಳಗೆ ಹೋದವಳು ಅಲ್ಲಿಂದಲೇ ಕೂಗಿದಳು. "ಯಾರ್ಲಾ ವಾಡೆ ಮುಟ್ದೋರು?"

"ಸರ್ಕಾರಕ್ಕೆ ಕೊಟ್ಟಿವ್ನಿ ಕಣವ್ವ. ಕಳ್ರಿಗೇನೂ ಕೊಟ್ಟಿಲ್ಲ" ಎಂದ ಅಣ್ಣ.

"ಕಳ್ಳ ಆಗಿದ್ರೆ ಬಿತ್ನೆ ರಾಗಿ ಬುಟ್ಟು ಹೋಗ್ತಿದ್ದ ಕಣ್ಲಾ!"

ಮರುದಿನವೇ ನನ್ನನ್ನು ಹೊರಡಿಸಿಕೊಂಡು, ತನ್ನ ರಾಗಿ ವಾಪಸ್ಸು ಕೇಳಲು ಸರ್ಕಾರದ ಗೋದಾಮಿಗೆ ಬಂದಳು. ಮೂಟೆಗಳು ಸೂರಿನವರೆಗೆ ಏರಿದ್ದವು. ಅಲ್ಲಿದ್ದ ಅಧಿಕಾರಿ ಒಳ್ಳೆಯವನೇ, ಕೂರಿಸಿ ನೀರು ಕೊಟ್ಟ. "ಅಮ್ಮಾ, ಇಲ್ಲಿಗೆ ಬಂದ ಮೇಲೆ ಎಲ್ಲಾ ರಾಗಿನೂ ರಾಗಿನೇ" ಎಂದ.

"ಅಂಗಂದ್ರೆ ಎಂಗಪ್ಪಾ? ನಿನ್ ಮಗನ್ನ ಕರ್ಕೊಂಡ್ ಬರೋಕೆ ಇಸ್ಕೂಲಿಗೆ ಹೋಗಿ, ಎಲ್ಲಾ ಮಕ್ಳೂ ಮಕ್ಳೇ ಅಂತ ಯಾವ್ದಾದ್ರೂ ಒಂದು ಕರ್ಕೊಂಡ್ ಬಂದೀಯಾ?"

ಅಧಿಕಾರಿ ನಕ್ಕ. ನಾನೂ ನಕ್ಕೆ. ಅವ್ವ ನಗಲಿಲ್ಲ.

ಆಮೇಲೆ ಅವಳ ಹುಡುಕಾಟ ನ್ಯಾಯಬೆಲೆ ಅಂಗಡಿಗೆ ತಿರುಗಿತು. ನಮ್ಮೂರಿನ ರಾಗಿ ಲಾರಿ ಹತ್ತಿ ಹೋಗುತ್ತದೆ, ಇನ್ಯಾವುದೋ ಊರಿನ ರಾಗಿ ಲಾರಿ ಇಳಿದು ನಮ್ಮೂರಿಗೆ ಬರುತ್ತದೆ. ಈ ಏರ್ಪಾಡಿನಲ್ಲಿ ಲಾರಿಯವನಿಗೆ ಒಳ್ಳೆಯದಾಗುತ್ತದೆ ಎಂಬುದರಲ್ಲಿ ನನಗೆ ಅನುಮಾನವಿಲ್ಲ. ರೇಷನ್ ಬಂದಾಗಲೆಲ್ಲ ಅವ್ವ ಹಿಡಿ ರಾಗಿ ತೆಗೆದು, ಬಿಸಿಲಿಗೆ ಹಿಡಿದು, ಅಂಗೈಯಲ್ಲಿ ತಿಕ್ಕಿ ನೋಡಿ ವಾಪಸ್ಸು ಹಾಕುತ್ತಿದ್ದಳು.

ಮಳೆಯಾಯಿತು. ಕರಿಯಯ್ಯನೂ ಬಿತ್ತಿದ. ಅಣ್ಣ ಸಂಪರ್ಕ ಕೇಂದ್ರದಿಂದ ತಂದ ಬೀಜದ ಚೀಲವನ್ನು ಅವ್ವ ಹೊಸ್ತಿಲು ದಾಟಿಸಲಿಲ್ಲ. "ನಮ್ ರಾಗಿ ಸಿಕ್ಕುದ್ರೆ ಬಿತ್ತು. ಇಲ್ದಿದ್ರೆ ಹೊಲ ಬೀಳು ಬೀಳ್ಲಿ." ಹೇಳಿದ ಮಾತಿಗೆ ತಪ್ಪುವವಳಲ್ಲ. ನಾನು ಅಲ್ಲಿಯವರೆಗೂ ಇದನ್ನೆಲ್ಲ ತಮಾಷೆಯಾಗಿ ತೆಗೆದುಕೊಂಡಿದ್ದೆ. ಒಂದು ಭಾನುವಾರ ಊರಿಗೆ ಹೋದಾಗ ಅವಳು ಖಾಲಿ ವಾಡೆಗೆ ಒರಗಿ ಕೂತಿದ್ದಳು. "ಮೇಲೋದಾಗ ನಮ್ಮತ್ತೆ ಕೇಳುದ್ರೆ ಏನಂತ ಹೇಳ್ಲೋ ಅಪ್ಪು?" ಎಂದಳು. ನಾನೂ ಅವಳ ಪಕ್ಕ ನೆಲದ ಮೇಲೆ ಕೂತೆ.

ಆಗ ಬಾಗಿಲ ಹತ್ತಿರ ನಿಂತಿದ್ದ ಸುನಿತಾ ಅತ್ತಿಗೆ, ಅಣ್ಣನ ಹೆಂಡತಿ, ನೆಲ ನೋಡುತ್ತಾ ಬಾಯಿಬಿಟ್ಟರು. "ನಮ್ಮವ್ವನ ತಾವ ಒಳ್ಳೆ ರಾಗಿ ಐತೆ ಅತ್ತೆ. ಒಂದ್ಸಲ ನೋಡ್ಕೊಂಡ್ ಬರಾನ."

ಅತ್ತಿಗೆಯ ತವರು ಕೆ.ಆರ್. ಪೇಟೆ ಕಡೆಯ ಸಿಂಧಘಟ್ಟ. ಅವ್ವ ಆ ಸಂಕಟದಲ್ಲೂ ಕೊಂಕು ಬಿಡಲಿಲ್ಲ. "ನಿಮ್ಮೂರೋರಿಗೆ ರಾಗಿ ಗೊತ್ತಾ?" ಎಂದಳು. ಆದರೂ ಎದ್ದು ಸೀರೆ ಬದಲಿಸಿದಳು. ನನ್ನ ಕಾರಿನಲ್ಲಿ ಹೊರಟೆವು. ದಾರಿಯುದ್ದಕ್ಕೂ ಅತ್ತಿಗೆ ಸೆರಗಿನ ತುದಿಯನ್ನು ತಿರುಚುತ್ತಿದ್ದರು.

ಅತ್ತಿಗೆಯ ತಾಯಿ ಸಾಕಮ್ಮ ಬೀಗಿತ್ತಿಯನ್ನು ಕಂಡು ಹಿಗ್ಗಿಹೋದರು. ವಿಷಯ ಕೇಳಿದ್ದೇ ತಡ, ಒಳಗಿಂದ ಮೊರದ ತುಂಬ ರಾಗಿ ತಂದು ಅವ್ವನ ಮುಂದಿಟ್ಟರು. ಅವ್ವ ಹಿಡಿ ತೆಗೆದಳು. ಬಿಸಿಲಿಗೆ ಹಿಡಿದಳು, ತಿಕ್ಕಿದಳು, ನಾಲ್ಕು ಕಾಳು ಬಾಯಿಗೆ ಹಾಕಿಕೊಂಡಳು. ಅಗಿಯುತ್ತಿದ್ದ ಬಾಯಿ ಹಾಗೇ ನಿಂತಿತು.

"ಇದು ಎಲ್ಲಿಂದ ಬಂತು?"

"ಏನಕ್ಕಾ ಇಂಗ್ ಕೇಳ್ತೀರಿ? ನೀವೇ ಅಲ್ವಾ ನಮ್ ಸುನಿತನ ಕೈಲಿ ಕೊಟ್ ಕಳ್ಸಿದ್ದು, ಮದ್ವೆ ಆದ್ ವರ್ಸ! ಈಗ ನಮ್ ಬೀದಿಗೆಲ್ಲಾ ಇದೇಯಾ. ಜಯಮ್ಮನ ರಾಗಿ ಅಂತ್ಲೇ ಕರೀತಾರೆ. ಬಿತ್ತೋವಾಗ ನಿಮ್ ಹೆಸ್ರು ಹೇಳ್ಕೊಂಡು ಕೈ ಮುಗೀತಾರೆ. ಇಂತ ಬೀಜನ ಯಾರಕ್ಕಾ ಬ್ಯಾರೆಯೋರ್ಗೆ ಕೊಡ್ತಾರೆ? ನಿಮ್ ಮನ್ಸು ದೊಡ್ದು."

ಅತ್ತಿಗೆಯ ಮುಖದಲ್ಲಿ ರಕ್ತವಿರಲಿಲ್ಲ. ನನಗೆ ಎಲ್ಲ ಅರ್ಥವಾಯಿತು. ವಾಡೆ ಒಡೆಯುವ ದಿನ ಬೀಜದ ಮಕ್ಕರಿ ಹೊಲಕ್ಕೆ ಹೊರುತ್ತಿದ್ದವರು ಅತ್ತಿಗೆ. ನಡುದಾರಿಯಲ್ಲಿ ಒಂದಿಷ್ಟು ಮಡಿಲು ಸೇರಿದೆ. ಅವ್ವ ಈಗ ಒಂದು ಮಾತು ಆಡಿದರೆ ಸಾಕು, ಹೆತ್ತ ತಾಯಿಯ ಎದುರಿಗೇ ಅತ್ತಿಗೆ ಕಳ್ಳಿ. ಅವ್ವನ ನಾಲಿಗೆ ನನಗೆ ಗೊತ್ತು.

ಅವ್ವ ಸೊಸೆಯನ್ನು ಬಹಳ ಹೊತ್ತು ನೋಡಿದಳು. ಆಮೇಲೆ ಕುತ್ತಿಗೆ ನೆಟ್ಟಗೆ ಮಾಡಿಕೊಂಡಳು.

"ಊಂ ಕಣಕ್ಕಾ, ನಾನೇ ಕೊಟ್ಟಿದ್ದು. ಮರ್ತೋಗಿತ್ತು" ಎಂದಳು. "ಬಿತ್ನೆ ರಾಗಿ ಒಂದೇ ಮನೇಲಿ ಇರ್ಬಾರ್ದು. ನಾ ಯಾವಾಗ್ಲೂ ಅದನ್ನೇ ಹೇಳೋದು. ಕೇಳಿ ಬೇಕಾದ್ರೆ ನಮ್ ಅಪ್ಪುನ."

ನಾನು ತಲೆಯಾಡಿಸಿದೆ. ತಾನು ತಡೆದದ್ದನ್ನೇ ತನ್ನ ಸಾಧನೆ ಎಂದು ಘೋಷಿಸಿಕೊಂಡ ಸರ್ಕಾರಗಳ ಬಗ್ಗೆ ಓದಿದ್ದೆ, ಪಕ್ಕದಲ್ಲಿ ಕೂತು ನೋಡಿದ್ದು ಅದೇ ಮೊದಲು. ಸಾಕಮ್ಮ ಉಣಿಸದೆ ಕಳಿಸಲಿಲ್ಲ. ಅವ್ವ ಎರಡು ಮುದ್ದೆ ಉಂಡಳು.

ಬೀಜದ ಚೀಲವನ್ನು ಹಿಂದಿನ ಸೀಟಿನಲ್ಲಿ ಅತ್ತೆ ಸೊಸೆಯ ನಡುವೆ ಇಟ್ಟುಕೊಂಡು ಹೊರಟೆವು. ಊರು ದಾಟುತ್ತಿದ್ದ ಹಾಗೆ ಅತ್ತಿಗೆ ಬಿಕ್ಕಿ ಬಿಕ್ಕಿ ಅಳಲು ಶುರುಮಾಡಿದರು. ಅವ್ವ ಕಿಟಕಿಯಾಚೆ ನೋಡುತ್ತಲೇ ಚೀಲದ ಬಾಯಿಯ ಗಂಟನ್ನು ಬಿಗಿಮಾಡಿದಳು.

"ಸಾಕು ಸುಮ್ಕಿರು, ಸೆರಗ್ನಾಗೆ ಮೂಗೊರಸ್ಕೊ" ಎಂದಳು ಕೊನೆಗೆ. "ಈ ವರ್ಸದಿಂದ ವಾಡೆ ನೀನೇ ನೋಡ್ಕೊ. ಕದಿಯೋ ಕಷ್ಟನಾದ್ರೂ ತಪ್ಪುತ್ತೆ."