ತಮಾಲೆ ಗಾಡಿಯ ದನಿ

"ಆರಿಸ್ರೋ ಅದನ್ನ! ಇದೂ ಅವನ ಗಂಟಲಲ್ಲ!" ಎನ್ನುತ್ತ ಎಲೋಡಿಯಾ ಟೀವಿಯ ವೈರನ್ನೇ ಗೋಡೆಯಿಂದ ಕಿತ್ತಳು.

ಶವಪೆಟ್ಟಿಗೆಯ ಪಕ್ಕದಲ್ಲಿ ಟೀವಿ ಇಟ್ಟವನು ರೊಸೆಂದೋ, ಅವಳ ಗಂಡ ಫಿಡೆನ್ಸಿಯೋನ ಗೆಳೆಯ. ಮೆಕ್ಸಿಕೋ ನಗರದ ಸ್ಟುಡಿಯೋಗಳಲ್ಲಿ ಇಬ್ಬರೂ ಜೀವಮಾನವೆಲ್ಲ ಸಿನಿಮಾಕ್ಕೆ, ಧಾರಾವಾಹಿಗೆ ಉದ್ದ ಕೋಲಿನ ತುದಿಗೆ ಕಟ್ಟಿದ ಮೈಕನ್ನು ನಟರ ತಲೆಯ ಮೇಲೆ ಹಿಡಿದವರು. ಫಿಡೆನ್ಸಿಯೋ ನಡುನಡುವೆ ಸಣ್ಣಪುಟ್ಟ ಪಾರ್ಟೂ ಮಾಡುತ್ತಿದ್ದ. ಮಣ್ಣಿಗಿಡುವ ಮೊದಲು ಅವನ ದನಿ ಒಮ್ಮೆ ಕೇಳಬೇಕೆಂದು ಎಲೋಡಿಯಾ ಹಟ ಹಿಡಿದಿದ್ದಳು. ಒಂದು ಸಿನಿಮಾದಲ್ಲಿ ಅವನು ಹೆಣ. ಇನ್ನೊಂದರಲ್ಲಿ ಮೂಗ ಕಾವಲುಗಾರ. ಇದರಲ್ಲಿ ಪಾದ್ರಿಯಾಗಿ ಮಾತಾಡುತ್ತಿದ್ದ, ದನಿ ಮಾತ್ರ ಬೇರೆ ಯಾರದೋ.

"ಏನ್ಮಾಡ್ಲಿ ಅತ್ತಿಗೆ?" ಎಂದ ರೊಸೆಂದೋ. "ಡೈಲಾಗ್ ಕೊಟ್ರೆ ಸಾಕು, ಮುಖ ಎತ್ತಿ ಮೈಕ್ ನೋಡೋನು. ಎದುರಿಗೆ ನಾಯಕಿ ಗೋಳೋ ಅಂತಿದ್ರೂ ಇವನಿಗೆ ನಾನು ಮೈಕ್ ನೆಟ್ಟಗೆ ಹಿಡಿದಿದೀನಾ ಅನ್ನೋದೇ ಚಿಂತೆ. ಅದಕ್ಕೇ ಹೆಣದ ಪಾರ್ಟು ಕೊಡೋರು. ಆವಾಗ್ಲೂ ಒಂದ್ಸಲ ಎದ್ದು ಕೂತು, 'ನೊಣ ಕೇಳಿಸ್ತಿದೆ, ಕಟ್' ಅಂದುಬಿಟ್ಟ!"

ಜಪಮಾಲೆ ಹಿಡಿದಿದ್ದ ಹೆಂಗಸರು ಕಿಸಕ್ಕನೆ ನಕ್ಕರು.

"ನಗ್ರಿ ನಗ್ರಿ!" ಎಂದಳು ಎಲೋಡಿಯಾ. "ಮನೇಲಿ ಕುಕ್ಕರ್ ಕೂಗಂಗಿಲ್ಲ, ಚಪ್ಪಲಿ ಸದ್ದಾಗಂಗಿಲ್ಲ. 'ಶ್' ಅಂದ್ಕೊಂಡೇ ಸಂಸಾರ ಮಾಡಿದ, ಪುಣ್ಯಾತ್ಮ. ಊರಿನೋರ ದನಿಯೆಲ್ಲ ಹಿಡಿದ, ತನ್ನದೊಂದು ಬಿಟ್ಟು."

ಒಬ್ಬಳು ದಾಲ್ಚಿನ್ನಿ ಕಾಫಿ ತಂದುಕೊಟ್ಟಳು. ಲೋಟ ಬಾಯಿಗಿಟ್ಟ ಎಲೋಡಿಯಾ ತಟ್ಟನೆ ಬೀದಿಯ ಕಡೆ ಕಿವಿಯಿಟ್ಟಳು. ಏನೋ ಕಡಿಮೆಯಾಗಿತ್ತು.

"ತಮಾಲೆ ಗಾಡಿ ಯಾಕೆ ಬರ್ಲಿಲ್ಲ ಇವತ್ತು?"

"ನಾನೇ ಬರಬೇಡ ಅಂದೆ ಚಿಕ್ಕಮ್ಮ," ಎಂದ ಫಿಡೆನ್ಸಿಯೋನ ಅಣ್ಣನ ಮಗ ಉಬಾಲ್ದೋ. "ಸಾವಿನ ಮನೆ ಮುಂದೆ ಆ ಗದ್ದಲ ಯಾಕೆ? ನಿಮಗೂ ಅದು ಕಂಡ್ರಾಗಲ್ಲ."

*

ಕೆಲವು ವರ್ಷಗಳ ಹಿಂದೆ, ಜೋಳದ ಹಿಟ್ಟಿನ ಕಡುಬಿನಂಥ ತಮಾಲೆ ಮಾರುವ ಗಾಡಿಯ ಚೆಮಾ ಕೂಗಿ ಕೂಗಿ ಗಂಟಲು ಕಳೆದುಕೊಂಡಿದ್ದ. ಫಿಡೆನ್ಸಿಯೋ ಅಡುಗೆಮನೆಯಲ್ಲಿ ಹೊರಗಿನ ಸದ್ದು ತಡೆಯಲು ಕಂಬಳಿ ಕಟ್ಟಿ, ಒಳಗೆ ಕೂತು, ಅವನ ಪರವಾಗಿ ಟೇಪಿಗೆ ಕೂಗಿದ: "ಬಿಸಿಬಿಸಿ ತಮಾಲೆ! ಬನ್ನಿ ನೆರೆಯೋರೇ, ಬನ್ನಿ!"

"ಕಾಳು ಸೀದ್ಹೋಯ್ತು, ಈಚೆ ಬಾರಯ್ಯ ದಂಡಪಿಂಡ!" ಎಂದು ಎಲೋಡಿಯಾ ಅರಚಿದಳು. ಅದೂ ಟೇಪಿಗೆ ಬಿತ್ತು. ಅದರ ಹಿಂದೆ ಅವನ ನಗುವೂ.

"ಅಳಿಸು ಅದನ್ನ."

"ಯಾಕೆ? ಟೇಕ್ ಚೆನ್ನಾಗಿ ಬಂದಿದೆ."

ನೊಣಕ್ಕೆ ಕಟ್ ಹೇಳುವ ಮನುಷ್ಯ! ಅಂದಿನಿಂದ ಇಡೀ ಬೀದಿ ದಿನಾ ಬೆಳಗ್ಗೆ ಅವಳ ಬೈಗುಳ ಕೇಳುತ್ತಲೇ ತಮಾಲೆ ತಿಂದಿತು. ಮಾರ್ಕೆಟ್ಟಿಗೆ ಹೋದರೆ, "ಕಾಳು ಸೀದಿಲ್ಲ ತಾನೆ, ಎಲೋಡಿಯಮ್ಮ?" ಗಾಡಿ ಬಂದಾಗಲೆಲ್ಲ ಅವಳು ಕಿಟಕಿಯನ್ನು ಧಡಾರನೆ ಮುಚ್ಚುತ್ತಿದ್ದಳು.

*

"ಯಾರು ಹೇಳಿದ್ರು ನಿಂಗೆ ದೊಡ್ಡತನ ಮಾಡು ಅಂತ?" ಎಂದು ಎಲೋಡಿಯಾ ಉಬಾಲ್ದೋನ ಮೇಲೆ ಹರಿಹಾಯ್ದಳು. "ಓಡು, ಚೆಮಾನ ಕರ್ಕೊಂಡ್ ಬಾ. ಗಾಡಿ ಸಮೇತ!"

"ಚಿಕ್ಕಮ್ಮ, ಪಾದ್ರಿಗಳು ಬಂದಾಯ್ತು..."

"ಪಾದ್ರಿಗಳೂ ಒಂದು ತಮಾಲೆ ತಿನ್ಲಿ!"

ಪೆಟ್ಟಿಗೆ ಹೊಸಿಲು ದಾಟುವ ಹೊತ್ತಿಗೆ ಚೆಮಾ ಟೋಪಿ ತೆಗೆದು, ಗಾಡಿ ತಳ್ಳಿಕೊಂಡು ಬಂದ. ಹಾಕಲೋ ಬೇಡವೋ ಎಂದು ಎಲೋಡಿಯಾಳ ಮುಖ ನೋಡಿದ.

"ನನ್ನ ಮುಖ ಏನ್ ನೋಡ್ತೀಯ? ಗುಂಡಿ ಒತ್ತು!"

ಕರಕರ ಎಂದಿತು ಧ್ವನಿವರ್ಧಕ. "ಬಿಸಿಬಿಸಿ ತಮಾಲೆ! ಬನ್ನಿ ನೆರೆಯೋರೇ, ಬನ್ನಿ!"

ರೊಸೆಂದೋನ ಎರಡು ಕೈಯೂ ತಾವಾಗಿ ತಲೆಯ ಮೇಲಕ್ಕೆದ್ದು, ಇಲ್ಲದ ಕೋಲೊಂದನ್ನು ಗಾಡಿಯತ್ತ ಚಾಚಿ ಹಿಡಿದವು.

ಗಾಡಿ ಮುಂದೆ, ಹೆಣ ಹಿಂದೆ. ಬೀದಿಯ ಉದ್ದಕ್ಕೂ ಫಿಡೆನ್ಸಿಯೋ ನೆರೆಯವರನ್ನು ಕರೆದ. ಪ್ರತಿ ಸಲವೂ ಟೇಪಿನಲ್ಲಿ ಕಾಳು ಸೀಯುವ ಜಾಗ ಬಂದಾಗ, ಪೆಟ್ಟಿಗೆಯ ಮೇಲೆ ಕೈಯಿಟ್ಟು ನಡೆಯುತ್ತಿದ್ದ ಎಲೋಡಿಯಾಳ ತುಟಿಯೂ ಅದರ ಜೊತೆಗೇ ಅಲ್ಲಾಡುತ್ತಿತ್ತು.