ಅಕ್ಕಿಯಲ್ಲಿ ಬರೆದ ಹೆಸರು

"ಇನ್ನೊಂಚೂರು ಎತ್ತು. ಸೆರಗು ಸಿಕ್ಕಾಕೊಂಡಿದೆ."

ಲೀನಾ ಅಮ್ಮನ ತಣ್ಣಗಿನ ಭುಜದಡಿ ಕೈತೂರಿಸಿ ಎತ್ತಿದಳು. ಸ್ಕೋಕಿಯಿಂದ ಬಂದಿದ್ದ ಸೋದರತ್ತೆ ಛಾಯಾ ರೇಷ್ಮೆ ಸೆರಗನ್ನು ಎಳೆದು ನೆರಿಗೆ ಸರಿಮಾಡಿದಳು. ಡೆಟ್ರಾಯಿಟ್ ಪಕ್ಕದ ಕ್ಯಾಂಟನ್ನಿನ ಆ ಫ್ಯೂನರಲ್ ಹೋಮಿನ ಹಾಲಿನಲ್ಲಿ ಆಗಲೇ ಕುರ್ಚಿಗಳು ತುಂಬುತ್ತಿದ್ದವು. ಬಾಗಿಲಲ್ಲಿ ಅಮ್ಮನ ಫೋಟೋ, ಕೆಳಗೆ ದಪ್ಪಕ್ಷರದಲ್ಲಿ 'ರಾಜೇಶ್ವರಿ ನಾಗರಾಜ'.

"ಅತ್ತೆ, ಬೋರ್ಡಲ್ಲಿ ದೊನಿಕಾ ಅಂತ ಹಾಕ್ಬೇಕಿತ್ತು."

"ಯಾರಿಗೆ ಗೊತ್ತಾಗುತ್ತೆ ಅದು? ಬರೋರೆಲ್ಲ ನಮ್ಮ ಜನ."

"ಅಮ್ಮ ಕೇಳಿದ್ಲು. ಲಾಸ್ಟ್ ವೀಕ್, ಹಾಸ್ಪಿಟಲಲ್ಲಿ. ಕಳಿಸೋವಾಗಾದ್ರೂ ನನ್ನ ಹೆಸರು ಹಿಡಿದು ಕರೀರಿ ಅಂದ್ಲು. ಐ ಪ್ರಾಮಿಸ್ಡ್."

"ಜ್ವರದಲ್ಲಿ ಏನೇನೋ ಅಂತಾರೆ ಪುಟ್ಟಿ. ಮೂವತ್ತೈದು ವರ್ಷ ಪಾಳೇಗಾರರ ಮನೆ ಸೊಸೆಯಾಗಿ ಬಾಳಿದೋಳು. ಮಂತ್ರದಲ್ಲಿ ಆ ಹೋಟೆಲ್ ಹೆಸರು ಹೇಳಿಸ್ತೀಯಾ?"

ಲೀನಾ ಅಪ್ಪನ ಕಡೆ ನೋಡಿದಳು. ನಾಗರಾಜ ಕಿಟಕಿಯ ಬಳಿ ನಿಂತು ಪಾರ್ಕಿಂಗ್ ಲಾಟಿನ ಹಿಮವನ್ನು ನೋಡುತ್ತಿದ್ದ.

"ಅಪ್ಪಾ?"

"ಅತ್ತೆ ಹೇಳ್ದಂಗೆ ಮಾಡಮ್ಮ," ಎಂದ, ತಿರುಗದೆ.

*

ಅದು ನಿಜಕ್ಕೂ ಹೋಟೆಲಿನಲ್ಲಿ ಕೂಗುತ್ತಿದ್ದ ಹೆಸರೇ. ಡೆಟ್ರಾಯಿಟಿನಲ್ಲಿ ದೊನಿಕಾಳ ಅಪ್ಪನದೊಂದು ಚಿಕ್ಕ ಹೋಟೆಲಿತ್ತು. ಅಲ್ಬೇನಿಯಾದ ಗುಡ್ಡಗಾಡಿನಿಂದ ಬಂದ ಅವನಂಥವರು ಆ ಊರಿನಲ್ಲಿ ಹಾಟ್‌ಡಾಗ್ ಮಾರಿ ಬದುಕು ಕಟ್ಟಿಕೊಂಡಿದ್ದರು. ಕಾರಿನ ಬಿಡಿಭಾಗಗಳ ಕಂಪನಿಯ ಹೊಸ ಇಂಜಿನಿಯರ್ ನಾಗರಾಜ ಮಧ್ಯಾಹ್ನ ಬಂದು ಮೊಟ್ಟೆ, ಆಲೂಗಡ್ಡೆ ತಿನ್ನುತ್ತಿದ್ದ. ಬಡಿಸಲು ಬಂದ ಅವಳ ಅಂಗಿಯ ಮೇಲಿನ ಹೆಸರಿನ ಬಿಲ್ಲೆ ಓದಿ, "ದೊನಿಕಾ, ಇನ್ನೊಂದು ಕಾಫಿ" ಎನ್ನುತ್ತಿದ್ದ. ಕಾಫಿ ಬೇಡವಾದಾಗಲೂ.

ಮದುವೆಗೆಂದು ಊರಿನಿಂದ ಬಂದ ಅವನ ತಾಯಿ ದೇವಮ್ಮ ಮೊದಲ ದಿನವೇ ಹೇಳಿದರು: "ಈ ಹೆಸರು ನಮ್ಮ ಬಾಯಿಗೆ ಒಗ್ಗಲ್ಲ ಕಣಪ್ಪ."

ತಾಳಿ ಕಟ್ಟಿದ ಮೇಲೆ ತಟ್ಟೆಯಲ್ಲಿ ಅಕ್ಕಿ ಹರಡಿದರು. ಮಗನ ಕೈಗೆ ಉಂಗುರ ಕೊಟ್ಟರು. ಅವನು ಆ ಉಂಗುರದಿಂದ ಅಕ್ಕಿಯ ಮೇಲೆ ನಾಲ್ಕು ಅಕ್ಷರ ಗೀಚಿದ.

"ಏನು ಬರೆದೆ?" ಎಂದು ಅವಳು ಇಂಗ್ಲಿಷಿನಲ್ಲಿ ಕೇಳಿದಳು.

"ಆಶೀರ್ವಾದ," ಎಂದ.

ಊಟದ ಪಂಕ್ತಿಯಲ್ಲಿ ಎಲ್ಲರೂ ರಾಜೇಶ್ವರಿ, ರಾಜೇಶ್ವರಿ ಎಂದು ಯಾರನ್ನೋ ಕೂಗುತ್ತಿದ್ದರು. ಯಾರವಳು ಎಂದು ಅವಳೂ ಸುತ್ತ ನೋಡಿದಳು.

ಪಾಳೇಗಾರಿಕೆ ಹೋಗಿ ಇನ್ನೂರು ವರ್ಷವಾಗಿತ್ತು. ಕೋಟೆ ಕುಸಿದಿತ್ತು, ಕುದುರೆ ಸತ್ತಿದ್ದವು. ಉಳಿದದ್ದು ಎರಡೇ: ಕ್ಯಾಂಟನ್ನಿನ ಮನೆಯಲ್ಲಿ ಟಿವಿಯ ಮೇಲೆ ತೂಗಿಬಿಟ್ಟ ಕತ್ತಿ, ಮನೆಗೆ ಬಂದ ಹೆಣ್ಣಿನ ಹೆಸರನ್ನು ಕಿತ್ತುಕೊಳ್ಳುವ ದೌಲತ್ತು.

*

ರಾಚೆಸ್ಟರ್ ಹಿಲ್ಸಿನಿಂದ ಅಮ್ಮನ ಅಕ್ಕ ದ್ರಾನೆ ಬಂದಳು. ತಲೆಗೆ ಕಪ್ಪು ವಸ್ತ್ರ ಬಿಗಿದಿದ್ದಳು. ತಂಗಿಯ ಹಣೆ ಮುಟ್ಟಿ, ಲೀನಾಳನ್ನು ಇಂಗ್ಲಿಷಿನಲ್ಲಿ ಕೇಳಿದಳು: "ನಮ್ಮಲ್ಲಿ ಸತ್ತವರ ಹೆಸರು ಹಿಡಿದು, ಅವರಪ್ಪನ ಮನೆ ಹೆಸರು ಹಿಡಿದು ಹಾಡಿ ಅಳ್ತೀವಿ. ಇಲ್ಲಿ ಅಳಬಹುದಾ?"

ಛಾಯಾ ನಡುವೆ ಬಂದಳು. "ಪ್ಲೀಸ್, ಲೌಡಾಗಿ ಬೇಡ. ನಮ್ಮದು ರೂಲಿಂಗ್ ಫ್ಯಾಮಿಲಿ. ನಮ್ಮಲ್ಲಿ ಒಂದು ಡಿಗ್ನಿಟಿ ಇದೆ."

ದ್ರಾನೆ ಮೆತ್ತಗೆ ಲೀನಾಳ ಕಿವಿಯಲ್ಲಿ ಕೇಳಿದಳು: "ಆ ಟಿವಿ ಮೇಲಿನ ಕತ್ತಿ ಎಷ್ಟು ಜನರನ್ನ ಕೊಂದಿದೆ?"

"ವರ್ಷಕ್ಕೊಂದು ಬೂದುಗುಂಬಳಕಾಯಿ. ಆಯುಧಪೂಜೆ ದಿನ."

"ಅದನ್ನ ಉಜ್ಜೋದ್ಯಾರು?"

"ಅಮ್ಮ."

ದ್ರಾನೆ ನಗಲು ಹೋಗಿ, ವಸ್ತ್ರದ ತುದಿಯಿಂದ ಬಾಯಿ ಮುಚ್ಚಿಕೊಂಡಳು.

*

ಲೀನಾಗೆ ಹನ್ನೆರಡು ವರ್ಷವಿದ್ದಾಗ ಅಮ್ಮ ಅವಳನ್ನು ರಾಚೆಸ್ಟರ್ ಹಿಲ್ಸಿನ ಅಲ್ಬೇನಿಯನ್ ಚರ್ಚಿಗೆ ಕರೆದೊಯ್ದಿದ್ದಳು. ಅಂಗಳದಲ್ಲಿ ಕುದುರೆಯೇರಿದ ಸ್ಕಂದರ್ಬೆಗ್ ದೊರೆಯ ಹೊಸ ಪ್ರತಿಮೆ ನಿಂತಿತ್ತು.

"ಇವನ ಹೆಂಡ್ತಿ ಹೆಸರೇ ನಂಗಿಟ್ಟಿರೋದು. ದೊನಿಕಾ. ಅವಳೂ ದೊಡ್ಡ ಮನೆ ಮಗಳು. ತುರ್ಕರ ಎದುರು ಎರಡು ಮನೆ ಒಂದಾಗಿ ನಿಲ್ಲಲಿ ಅಂತ ಇವನಿಗೆ ಕೊಟ್ರು," ಎಂದು ಅಮ್ಮ ತನ್ನ ಅತ್ತೆ ದೇವಮ್ಮನಿಂದ ಕಲಿತ ಶುದ್ಧ ಮೈಸೂರು ಕನ್ನಡದಲ್ಲಿ ಹೇಳಿದಳು. "ಇವನು ಸತ್ತ ಮೇಲೆ ಮಗನ್ನ ಕಟ್ಕೊಂಡು ಸಮುದ್ರ ದಾಟಿದ್ಲು. ಇನ್ನೊಬ್ಬ ರಾಜನ ಆಸರೆಯಲ್ಲಿ ಬಾಳಿದ್ಲು."

ಲೀನಾ ಪ್ರತಿಮೆಯನ್ನು ಸುತ್ತುಹಾಕಿ ಬಂದಳು. "ವೇರ್ ಈಸ್ ಶಿ?"

"ಒಳಗೆ ಹೋಗಿರ್ಬೇಕು," ಎಂದಳು ಅಮ್ಮ. "ಇವನಿಗೆ ಕಾಫಿ ಮಾಡೋಕೆ."

ಇಬ್ಬರೂ ನಕ್ಕರು. ವಾಪಸ್ ಹೋಗುವಾಗ ಮನೆಯ ಕಡೆಯ ಎಕ್ಸಿಟ್ ಬಂದರೂ ಅಮ್ಮ ಕಾರು ತಿರುಗಿಸದೆ ಮುಂದೆ ಹೋದಳು.

*

"ಬಾಯಿಗಕ್ಕಿ ಹಾಕೋರೆಲ್ಲ ಬನ್ನಿ," ಎಂದರು ಭಟ್ಟರು. ವಾರವೆಲ್ಲ ಐಟಿಯಲ್ಲಿ ದುಡಿದು ರಜೆಯಲ್ಲಿ ಪೌರೋಹಿತ್ಯ ಮಾಡುವವರು. "ಹೆಸರು ಇನ್ನೊಂದ್ಸಲ ಹೇಳಿ."

"ರಾಜೇಶ್ವರಿ," ಎಂದಳು ಛಾಯಾ, ಎಲ್ಲರಿಗಿಂತ ಮೊದಲು.

ಅಕ್ಕಿಯ ತಟ್ಟೆ ಲೀನಾಳ ಕೈಯಲ್ಲಿತ್ತು. ಅವಳು ಅದನ್ನು ಶವಪೆಟ್ಟಿಗೆಯ ಅಂಚಿನ ಮೇಲಿಟ್ಟು, ಅಂಗೈಯಿಂದ ಅಕ್ಕಿಯನ್ನು ಸಮನಾಗಿ ಹರಡಿದಳು. ಆಸ್ಪತ್ರೆಯವರು ಅಮ್ಮನ ಬೆರಳಿಂದ ಕಳಚಿ ಕೊಟ್ಟಿದ್ದ ಉಂಗುರ ಅವಳ ಕೋಟಿನ ಜೇಬಿನಲ್ಲಿತ್ತು. ತೆಗೆದಳು. ಕನ್ನಡ ಬರೆಯಲು ಬಾರದು. ಇಂಗ್ಲಿಷಿನಲ್ಲೇ, ತಟ್ಟೆಯ ಈ ತುದಿಯಿಂದ ಆ ತುದಿಗೆ, ತಳದ ಸ್ಟೀಲು ಕಾಣುವಷ್ಟು ಆಳವಾಗಿ ಬರೆದಳು.

"ಏನೇ ಇದು! ಇಷ್ಟು ಜನರ ಮುಂದೆ..." ಛಾಯಾ ತಟ್ಟೆಗೆ ಕೈಹಾಕಿದಳು. ಅಕ್ಷರದ ಮೇಲೆ ಕೈ ತಡೆಯಿತು.

"ಏನು ಬರೆದ್ರಮ್ಮ?" ಭಟ್ಟರು ಬಗ್ಗಿ ನೋಡಿದರು.

ಲೀನಾ ಅಪ್ಪನನ್ನೇ ನೋಡುತ್ತಿದ್ದಳು. "ಅವ್ರನ್ನ ಕೇಳಿ. ಆವತ್ತು ಏನು ಬರೆದೆ ಅಂತ ಅಮ್ಮ ಕೇಳಿದ್ದಕ್ಕೆ ಸುಳ್ಳು ಹೇಳಿದ್ರು. ಇವತ್ತು ಓದ್ಲಿ."

ನಾಗರಾಜ ಕನ್ನಡಕ ತೆಗೆದ. ಒರೆಸಿ ಮತ್ತೆ ಹಾಕಿಕೊಂಡ. ಮೊದಲ ಅಕ್ಷರದ ಅಂಚಿನಿಂದ ಒಂದು ಚಿಟಿಕೆ ಅಕ್ಕಿ ತೆಗೆದು ಹೆಂಡತಿಯ ಮುಖದ ಹತ್ತಿರ ಬಾಗಿದ.

"ದೊನಿಕಾ," ಎಂದ. ಕೌಂಟರಿನಾಚೆ ನಿಂತವಳನ್ನು ಕೂಗುವ ದನಿ.

ದ್ರಾನೆ ಯಾರ ಅಪ್ಪಣೆಯನ್ನೂ ಕೇಳದೆ ಹಾಡಿ ಅಳತೊಡಗಿದಳು. ಜನ ಸಾಲಾಗಿ ಬಂದರು. ಒಬ್ಬೊಬ್ಬರೂ ಅಕ್ಷರಗಳ ಅಂಚಿನಿಂದಲೇ ಅಕ್ಕಿ ತೆಗೆದರು, ಹೆಸರು ಮುಟ್ಟದ ಜಾಗ ತಟ್ಟೆಯಲ್ಲಿರಲಿಲ್ಲ. ಛಾಯಾ ಮಾತ್ರ ತಟ್ಟೆಯ ಕಂಠಕ್ಕೆ ಅಂಟಿದ ನಾಲ್ಕು ಕಾಳು ಹುಡುಕಿ ತೆಗೆದಳು.

ಕೊನೆಯವಳು ಲೀನಾ. ತಳದಲ್ಲಿ ಉಳಿದಿದ್ದ ಅಕ್ಕಿಯನ್ನು ಬಳಿದು ಹಾಕಿದಳು. ಅಮ್ಮನ ಬಾಯಿ ತುಂಬಿ, ತುಟಿ ಬಿರಿದು, ಒಂದು ಕಾಳು ಗಲ್ಲಕ್ಕೆ ಜಾರಿ ನಿಂತಿತು. ಕರೆದವರಿಗೆ ಓ ಎನ್ನಲು ಹೊರಟವಳಂತೆ ಅವಳು ಮಲಗಿದ್ದಳು.