ಎಡಗೆನ್ನೆಗೆ ಎರಡು ಪದರ

ಸ್ಟೇಸಿಯ ಬೆಳಗು ಶುರುವಾಗುತ್ತಿದ್ದುದು ಟೇಪಿನಿಂದ. ದುಬೈಯ ಜೆಬೆಲ್ ಅಲಿಯ ಕಂಪನಿ ಕಟ್ಟಡದ ಮೂರನೇ ಮಹಡಿಯಲ್ಲಿ, ನಾಲ್ಕು ಮಂಚಗಳ ಕೋಣೆಯ ಕನ್ನಡಿಯೆದುರು ನಿಂತು, ಗಾಯಕ್ಕೆ ಅಂಟಿಸುವ ಬಿಳಿ ಕಾಗದದ ಟೇಪನ್ನು ಹಣೆಯ ನಡುವಿನಿಂದ ಮೂಗಿನ ತುದಿಯವರೆಗೆ ಒಂದು ತುಂಡು, ಗಲ್ಲಕ್ಕೆ ಇನ್ನೊಂದು ತುಂಡು ಅಂಟಿಸುವಳು. ಮುಖ ಎರಡು ಪಾಲಾದ ಮೇಲೆ ಎಡಗೆನ್ನೆಗೆ ಮಾಯಿಶ್ಚರೈಸರ್. ಅದು ಚರ್ಮಕ್ಕೆ ಇಳಿಯುವ ತನಕ ಕಾಯಬೇಕು. ಅವಸರಪಟ್ಟು ಮೇಲೆ ಸನ್‌ಸ್ಕ್ರೀನ್ ಬಳಿದರೆ ಎರಡೂ ಕಲಸಿಕೊಂಡು ರಬ್ಬರಿನಿಂದ ಅಳಿಸಿದಾಗ ಬರುವ ಕಸದಂತೆ ಸುರುಳಿ ಸುರುಳಿಯಾಗಿ ಉದುರುತ್ತವೆ. ಗಡಿಯಾರ ನೋಡಿ ಕಾಯುವುದು ಅವಳಿಗೆ ಒಗ್ಗದು. ಮೇರಿಮಾತೆಯ ಜಪ ‘ನಮಾನ್ ಮರಿಯೆ’ಯನ್ನು ಹತ್ತು ಸಲ ಹೇಳುವಳು. ಊರಲ್ಲಿ, ಶಿರ್ವದ ಮನೆಯಲ್ಲಿ ಅಮ್ಮ ಜೋಸ್ಫಿನ್ ಮೊಟ್ಟೆ ಬೇಯಿಸುತ್ತಿದ್ದುದೂ ಇದೇ ಲೆಕ್ಕದಲ್ಲಿ. ಹತ್ತನೆಯದು ಮುಗಿದರೆ ಎರಡು ಬೆರಳುದ್ದ ಸನ್‌ಸ್ಕ್ರೀನ್ ಹಿಂಡಿ ಅದೇ ಕೆನ್ನೆಗೆ ಹಚ್ಚಿ, ಆಮೇಲೆ ಟೇಪು ಕೀಳುವಳು. ಮಧ್ಯಾಹ್ನ ಮೂರಕ್ಕೆ ಕೆಲಸದ ಜಾಗದಲ್ಲಿ ಇದೆಲ್ಲ ಇನ್ನೊಮ್ಮೆ.

ಬಲಗೆನ್ನೆಗೆ ಏನೂ ಇಲ್ಲ. ನೀರು ಮಾತ್ರ.

ಇದು ಅವಳ ಹುಚ್ಚಲ್ಲ, ಕೆಲಸ. ದುಬೈಯ ಕಡಲಂಚಿನ ನಡೆದಾರಿಯಲ್ಲಿ ಅವಳ ಕಂಪನಿಯ ಕ್ರೀಮುಗಳ ಚಿಕ್ಕ ಕಟ್ಟೆಯಂಗಡಿಯಿದೆ. ಬಂದ ಗಿರಾಕಿಗಳೆಲ್ಲ ಒಂದೇ ರಾಗ ಹಾಡುತ್ತಿದ್ದರು: ಒಂದು ಕ್ರೀಮು ಸಾಲದೇ, ಎರಡೆರಡು ಯಾಕೆ, ನಮ್ಮನ್ನು ಮಂಗ ಮಾಡುತ್ತೀರಾ. ಮ್ಯಾನೇಜರ್ ಸಫೀರ್ ಮಂಜೇಶ್ವರದವನು, ಮಾತಿನಲ್ಲಿ ಎತ್ತಿದ ಕೈ. ಅಕ್ಟೋಬರಿನಲ್ಲಿ ಅವನಿಗೊಂದು ಯೋಚನೆ ಹೊಳೆಯಿತು. ಜನ ಕಿವಿಯಿಂದ ನಂಬುವುದಿಲ್ಲ, ಕಣ್ಣಿನಿಂದ ನಂಬುತ್ತಾರೆ. ಸ್ಟೇಸಿ ಅರವತ್ತು ದಿನ ಎಡಗಡೆಗೆ ಎರಡೂ ಪದರ ಹಚ್ಚಲಿ, ಬಲಗಡೆಯನ್ನು ಸೂರ್ಯನಿಗೆ ಬಿಡಲಿ, ಮಧ್ಯಾಹ್ನ ಒಂದು ಗಂಟೆ ಕಾಲ ಬಿಸಿಲಿನಲ್ಲಿ ಜಾಹೀರಾತಿನ ಚೀಟಿ ಹಂಚಲಿ. ಆಮೇಲೆ ಯಾರೂ ಬಾಯಿ ಬಿಡುವುದಿಲ್ಲ ಎಂದ. ಅವಳು ಹಿಂದೆಮುಂದೆ ನೋಡಿದಾಗ, ಬಿಸಿಲಿಗೆ ಹೋದ ಬಣ್ಣ ತಾನಾಗಿ ಬರುತ್ತದೆ, ನಮ್ಮೂರಿನ ಮೀನುಗಾರರು ಸತ್ತಿದ್ದಾರಾ ಎಂದು ನಕ್ಕ. ಬದಲಿಗೆ ಅವಳಿಗೇನು ಬೇಕು ಎಂದೂ ಕೇಳಿದ.

ಸ್ಟೇಸಿ ಒಂದೇ ಒಂದನ್ನು ಕೇಳಿದಳು. ಜನವರಿಯ ಮೂರನೇ ಶನಿವಾರ ಮಧ್ಯಾಹ್ನ ರಜೆ.

ಅಂದು ತಂಗಿ ಲವಿನಾಳ ರೋಸ್. ಮದುವೆಗೆ ಮುಂಚೆ ಹುಡುಗಿಯ ಹಣೆಗೆ ಎಣ್ಣೆಯ ಶಿಲುಬೆ ಎಳೆದು, ಮುಖಕ್ಕೆ ತೆಂಗಿನ ಹಾಲು ಹಚ್ಚಿ, ಹಾಡು ಹಾಡಿ ಕನ್ಯೆತನಕ್ಕೆ ವಿದಾಯ ಹೇಳಿಸುವ ಶಾಸ್ತ್ರ. ಲವಿನಾ ಅಬುಧಾಬಿಯಲ್ಲಿ ನರ್ಸ್, ಮದುವೆಯಾಗುವ ರಯಾನ್ ಅಲ್ಲಿಯೇ ಹೋಟೆಲಿನಲ್ಲಿ. ಇಬ್ಬರಿಗೂ ಒಟ್ಟಿಗೆ ಊರಿಗೆ ಹೋಗಲು ರಜೆ ಸಿಗಲಿಲ್ಲವೆಂದು ಎಲ್ಲವೂ ದುಬೈಯ ಊದ್ ಮೇಥಾದ ಸಭಾಂಗಣದಲ್ಲೇ ಎಂದಾಗಿತ್ತು. ಹಾಲು ಹಚ್ಚುವ ಮೊದಲ ಕೈ ತಾಯಿಯದ್ದು. ಜೋಸ್ಫಿನ್ ತೀರಿಕೊಂಡು ನಾಲ್ಕು ವರ್ಷ, ಅಪ್ಪ ಅದಕ್ಕೂ ಮುಂಚೆ. ಹಾಗಾಗಿ ಆ ಕೈ ಅಕ್ಕನದ್ದೇ ಆಗಬೇಕು, ನೀನು ಬಾರದೆ ನಾನು ಮಣೆಯ ಮೇಲೆ ಕೂರುವುದಿಲ್ಲ ಎಂದು ಲವಿನಾ ಹಟ ಹಿಡಿದಿದ್ದಳು. ಸಫೀರ್, ಇಷ್ಟೇ ತಾನೇ ಎಂದು ಮಾತು ಕೊಟ್ಟ. ಮಾತು ಕೊಡುವುದಕ್ಕೆ ಅವನಿಗೆ ಯಾವತ್ತೂ ಬಡತನ ಬಂದದ್ದಿಲ್ಲ.

ಮೊದಲ ವಾರ ಅವಳು ಟೇಪನ್ನು ಒಂದು ಬೆರಳು ಬಲಗೆನ್ನೆಯ ಕಡೆಗೆ ಸರಿಸಿ ಅಂಟಿಸಿದ್ದಳು. ಅಷ್ಟು ಚರ್ಮವಾದರೂ ಕ್ರೀಮಿನ ಪಾಲಿಗೆ ಬರಲಿ, ಉಳಿಯಲಿ ಎಂಬ ಆಸೆ. ಪ್ರತಿದಿನ ಬೆಳಿಗ್ಗೆ ಸಫೀರನಿಗೆ ಫೋಟೋ ಕಳಿಸಬೇಕಿತ್ತು. ಅವನು ಫೋಟೋ ಹಿಗ್ಗಿಸಿ ನೋಡಿ, ಗೆರೆ ನೇರ ಇರಬೇಕು ಮಾರಾಯ್ತಿ ಎಂದು ಬರೆದ. ಅಲ್ಲಿಗೆ ಆ ಬೆರಳಗಲದ ಆಸೆಯೂ ಮುಗಿಯಿತು.

ಡಿಸೆಂಬರ್ ಬರುವಷ್ಟರಲ್ಲಿ ಅವಳಿಗೆ ಎರಡು ಮುಖಗಳಾಗಿದ್ದವು. ಎಡಗಡೆ ನುಣುಪು, ಬಲಗಡೆ ಕಪ್ಪಿಟ್ಟು ಒರಟಾಗಿ, ಕಣ್ಣಿನ ಕೆಳಗೆ ಎರಡು ಕಂದು ಕಲೆ. ನಡೆದಾರಿಯ ಜನ ನಿಂತು ನೋಡಿದರು, ಮುಟ್ಟಿ ನೋಡಬಹುದೇ ಎಂದು ಕೇಳಿದರು, ಪಕ್ಕದಲ್ಲಿ ನಿಂತು ಸೆಲ್ಫಿ ತೆಗೆದುಕೊಂಡರು. ಎರಡೂ ಕ್ರೀಮುಗಳು ಜೋಡಿಯಾಗಿ ಹೋದವು. ಸಫೀರ್ ಅವಳ ಮುಖವನ್ನೇ ಆಳೆತ್ತರಕ್ಕೆ ಹಿಗ್ಗಿಸಿ ಅಂಗಡಿಯ ಪಕ್ಕ ನಿಲ್ಲಿಸಿದ. ದಿನವಿಡೀ ಅವಳು ತನ್ನದೇ ಮುಖದ ಪಕ್ಕ ನಿಂತು, ನೋಡಿ ಮೇಡಂ, ಇದು ನಾನೇ ಎನ್ನಬೇಕಾಯಿತು.

ಹಗಲು ಹೇಗೋ ಕಳೆಯುತ್ತಿತ್ತು. ಕಷ್ಟವಾಗುತ್ತಿದ್ದುದು ಉಳಿದ ಹೊತ್ತು. ಕಂಪನಿಯ ಬಸ್ಸಿನಲ್ಲಿ ಬಲಗೆನ್ನೆ ಗಾಜಿನ ಕಡೆಗೆ ಬರುವ ಸೀಟು ಹುಡುಕುವಳು. ಇಗರ್ಜಿಯಲ್ಲಿ ಗೋಡೆಗೆ ತಾಗಿದ ಬೆಂಚಿನ ಬಲತುದಿ ಅವಳದ್ದು. ಲವಿನಾ ವಿಡಿಯೋ ಕರೆ ಮಾಡಿದರೆ ಕತ್ತು ತಿರುಗಿಸಿ ಎಡಗೆನ್ನೆ ತೋರಿಸುವಳು. ಏನು, ಸಿನಿಮಾ ನಟಿಯ ಹಾಗೆ ಓರೆಯಾಗಿ ಕೂತಿದ್ದೀ ಎಂದು ತಂಗಿ ತಮಾಷೆ ಮಾಡಿದಾಗ ನಕ್ಕು ಮಾತು ಹಾರಿಸಿದಳು. ಅಬುಧಾಬಿಗೆ ಬಾ ಎಂದರೆ ತಲೆನೋವು ಎಂದಳು. ನೆಗಡಿ ಎಂದಳು. ಅಕ್ಟೋಬರಿನಿಂದ ಲವಿನಾ ಅಕ್ಕನ ಪೂರ್ತಿ ಮುಖ ಕಂಡಿರಲಿಲ್ಲ.

ಅರವತ್ತು ದಿನ ಮುಗಿದರೂ ಸಫೀರ್ ನಿಲ್ಲಿಸಲು ಬಿಡಲಿಲ್ಲ. ತೊಂಬತ್ತು ಹತ್ತಿರ ಬಂದಾಗ ಸ್ಟೇಸಿ ಶನಿವಾರದ ಮಾತೆತ್ತಿದಳು. ಸಫೀರ್ ಮೊಬೈಲಿನಿಂದ ತಲೆಯೆತ್ತದೆ, ಶಾಪಿಂಗ್ ಹಬ್ಬದ ಸೀಸನ್, ಶನಿವಾರ ಅಂದರೆ ಕಾಲಿಡಲು ಜಾಗ ಇರುವುದಿಲ್ಲ, ಹಾಲು ಬೇರೆ ಯಾರಾದರೂ ಹಚ್ಚಲಿ ಎಂದ. ಮಾತು ಕೊಟ್ಟಿದ್ದಿರಲ್ಲ ಎಂದು ಅವಳು ನೆನಪಿಸಿದಳು.

“ರಜೆ ನಾನು ಕೊಡ್ತೇನೆ ಮಾರಾಯ್ತಿ, ನಂಗೆಂತ ತೊಂದ್ರೆ?” ಎಂದ ಅವನು. “ಮುಖ ಇಲ್ಲಿ ಬಿಟ್ಟು ಹೋಗು.”

ಕೆಲಸವನ್ನೇ ಬಿಟ್ಟು ಹೋಗೋಣವೆಂದರೆ ವೀಸಾ ಕಂಪನಿಯದ್ದು, ಮಂಚ ಕಂಪನಿಯದ್ದು. ರಾಜೀನಾಮೆ ಕೊಟ್ಟರೆ ತಂಗಿಯ ಮದುವೆಯ ದಿನ ತಾನು ಯಾವ ಊರಿನಲ್ಲಿರುತ್ತೇನೆಂಬುದೇ ಗೊತ್ತಿಲ್ಲ. ಈಗ ನೋಡಿದರೆ ಮುಖವೂ ಕಂಪನಿಯದ್ದೇ. ರೋಸಿನ ಸಭಾಂಗಣ ಅಂಗಡಿಯಿಂದ ಟ್ಯಾಕ್ಸಿಯಲ್ಲಿ ಅರ್ಧ ಗಂಟೆಯ ದಾರಿ. ಆ ಅರ್ಧ ಗಂಟೆ ಅವಳಿಗೆ ಏಳು ಸಮುದ್ರವಾಗಿ ಕೂತಿತು.

ಮರುದಿನದಿಂದ ಅವಳು ಒಂದು ಕೆಲಸ ಶುರುಮಾಡಿದಳು. ಬೆಳಿಗ್ಗೆ ಟೇಪು, ಎರಡು ಪದರ, ಫೋಟೋ, ಎಲ್ಲ ಎಂದಿನಂತೆ. ಮಧ್ಯಾಹ್ನ ಊಟದ ಬಿಡುವಿನಲ್ಲಿ ಮಾತ್ರ ಶೌಚಾಲಯಕ್ಕೆ ಹೋಗಿ ಎಡಗೆನ್ನೆಯನ್ನು ಸೋಪಿನಿಂದ ಉಜ್ಜಿ ಉಜ್ಜಿ ತೊಳೆದು, ಗೋದಾಮಿನ ಹಿಂದಿನ ಸಿಮೆಂಟು ಕಟ್ಟೆಯ ಮೇಲೆ ಎಡಗೆನ್ನೆಯನ್ನು ಸೂರ್ಯನಿಗೆ ಒಡ್ಡಿ ಕೂರುವಳು. ಎರಡೂ ಕಡೆ ಒಂದೇ ಆಗಿಬಿಟ್ಟರೆ ಈ ಮುಖದಿಂದ ಯಾರಿಗೇನು ಲಾಭ? ಆಗ ತಾನು ಬರಿಯ ಸೇಲ್ಸ್ ಹುಡುಗಿ, ಬರಿಯ ಸೇಲ್ಸ್ ಹುಡುಗಿಗೆ ಅರ್ಧ ದಿನ ರಜೆ ಸಿಕ್ಕೀತು. ಊರಲ್ಲಿ ಹುಡುಗಿಯರು ಮದುವೆಮನೆಗೆ ಮುಖ ಬೆಳ್ಳಗಾಗಲೆಂದು ಏನೆಲ್ಲ ಮಾಡುತ್ತಾರೆ, ಇವಳು ಕಪ್ಪಾಗಲೆಂದು ಅನ್ನ ಬಿಟ್ಟು ಕೂತಳು. ಬಿಸಿಲು ಚುರುಚುರು ಎಂದಾಗ ಖುಷಿಯಾಗುತ್ತಿತ್ತು. ಎಷ್ಟೋ ತಿಂಗಳ ಮೇಲೆ ಆ ಕೆನ್ನೆಗೆ ಗಾಳಿ ತಾಗಿತ್ತು.

ಎಂಟು ದಿನದಲ್ಲಿ ಎಡಗೆನ್ನೆ ಕೆಂಪಗಾಯಿತು, ಮೂಗಿನ ಪಕ್ಕ ಸಿಪ್ಪೆಯೆದ್ದಿತು, ಮೆಲ್ಲಗೆ ಕಪ್ಪಿಳಿಯಿತು. ಒಬ್ಬ ಗಿರಾಕಿ ಆಳೆತ್ತರದ ಫೋಟೋವನ್ನೂ ಅವಳನ್ನೂ ನೋಡಿ, ನಿಮ್ಮ ಕ್ರೀಮು ಕೈಕೊಟ್ಟಿತಲ್ಲ ಎಂದ. ಅಂದು ಸಂಜೆ ಸಫೀರ್ ಅವಳ ಗಲ್ಲ ಹಿಡಿಯದಿದ್ದರೂ ಹಿಡಿದಷ್ಟೇ ಹತ್ತಿರ ಬಂದು, ಆಚೆ ತಿರುಗು, ಈಚೆ ತಿರುಗು ಎಂದ. ಅವಳು ಬೈಗುಳಕ್ಕೆ ಮೈ ಗಟ್ಟಿ ಮಾಡಿಕೊಂಡು ನಿಂತಳು.

ಅವನು ಬೈಯಲಿಲ್ಲ. “ಖಲಾಸ್. ಈ ಮುಖ ಮುಗೀತು,” ಎಂದು ನಿಟ್ಟುಸಿರು ಬಿಟ್ಟ. ಆಳೆತ್ತರದ ಫೋಟೋವನ್ನು ಅಂಗಡಿಯ ಪಕ್ಕದಿಂದ ತೆಗೆಸಿದ. ಶನಿವಾರ ಒಂದರಿಂದ ಆರರ ತನಕ ಹೋಗು ಎಂದ. ಆದರೆ ಊರಿನಿಂದ ಹೊಸ ಹುಡುಗಿ ಬಂದಿದ್ದಾಳೆ, ಅವಳನ್ನು ತಯಾರು ಮಾಡಿಕೊಟ್ಟು ಹೋಗು. ಶನಿವಾರದೊಳಗೆ ಅವಳು ಕಲಿತರೆ ರಜೆ, ಇಲ್ಲದಿದ್ದರೆ ಇಬ್ಬರೂ ಇಲ್ಲೇ.

ಹೊಸ ಹುಡುಗಿ ನಾಫಿಯಾ. ಉಳ್ಳಾಲದ ಬ್ಯಾರಿ ಮನೆಯವಳು, ಇಪ್ಪತ್ತೆರಡು ವರ್ಷ, ಬಂದು ಎರಡು ವಾರ. ತಲೆವಸ್ತ್ರದ ಚೌಕಟ್ಟಿನೊಳಗೆ ಮುಖ ಆಗತಾನೇ ತೊಳೆದಿಟ್ಟಂತೆ ಇತ್ತು. ಅಂಗಡಿಗೇ ತನ್ನ ಮುಖ ಬೇಕಂತೆ ಎಂದು ಹಿಗ್ಗಿ ಹೋಗಿದ್ದಳು. ಶುಕ್ರವಾರ ಬೆಳಿಗ್ಗೆ ಸ್ಟೇಸಿ ಅವಳನ್ನು ತನ್ನ ಮಂಚದ ಮೇಲೆ ಕೂರಿಸಿ, ಹಣೆಯ ನಡುವಿನಿಂದ ಟೇಪು ಇಳಿಸಿದಳು. ಎಡಗೆನ್ನೆಗೆ ಮಾಯಿಶ್ಚರೈಸರ್ ಹಚ್ಚಿದಳು. ಒಣಗುವ ತನಕ ಕಾಯಬೇಕು, ನಿನಗೆ ಗೊತ್ತಿರುವ ಏನಾದರೂ ಮನಸ್ಸಿನಲ್ಲಿ ಹೇಳಿಕೋ ಎಂದಳು. ಹುಡುಗಿ ಕಣ್ಣು ಮುಚ್ಚಿ ತುಟಿ ಅಲ್ಲಾಡಿಸಿದಳು. ಸ್ಟೇಸಿಯ ತುಟಿಯೂ ಅಲ್ಲಾಡಿತು. ಒಂದೇ ಕೆನ್ನೆಗೆ ಇಬ್ಬರ ಪ್ರಾರ್ಥನೆ.

ನಾಫಿಯಾ ಕಣ್ಣು ತೆರೆದು ಅವಳ ಮುಖವನ್ನೇ ನೋಡಿದಳು. ಬಲದ ಕಪ್ಪು, ಎಡದ ಸಿಪ್ಪೆ, ಎರಡನ್ನೂ.

“ಅರವತ್ತು ದಿನ ಆದ್ರೆ ಮುಗೀತಲ್ವಾ ಅಕ್ಕ? ಆಮೇಲೆ ಒಳಗೆ ಎ.ಸಿ. ಅಂಗಡಿಗೆ ಹಾಕ್ತಾರಂತೆ. ಬಣ್ಣ ಕೂಡ ವಾಪಸ್ ಬರ್ತದಂತೆ. ಹೌದಾ?”

ಇಲ್ಲ ಎಂಬ ಮಾತು ಸ್ಟೇಸಿಯ ಗಂಟಲಿನವರೆಗೆ ಬಂತು. ಇಲ್ಲ ಎಂದರೆ ಹುಡುಗಿ ಎದ್ದು ಹೋದಾಳು. ಹುಡುಗಿ ಎದ್ದು ಹೋದರೆ ಶನಿವಾರ ಹೋಯಿತು. ಊದ್ ಮೇಥಾದಲ್ಲಿ ಖಾಲಿ ಮಣೆ, ಹಟ ಹಿಡಿದು ಪಕ್ಕದಲ್ಲಿ ನಿಂತ ಲವಿನಾ, ಯಾರೂ ಮುಟ್ಟದ ಹಾಲಿನ ಬಟ್ಟಲು, ಎಲ್ಲ ಕಣ್ಣ ಮುಂದೆ ಬಂತು.

“ಹೌದು,” ಎಂದಳು. ಎರಡು ಬೆರಳುದ್ದ ಸನ್‌ಸ್ಕ್ರೀನ್ ಹಿಂಡಿ ಹಚ್ಚಿದಳು. ಹಚ್ಚುವಾಗ ತನ್ನ ಬಗ್ಗೆಯೇ ಅವಳಿಗೆ ಹೇಸಿಗೆಯಾಯಿತು.

ಶನಿವಾರ ಸಭಾಂಗಣ ಸಿಕ್ಕಿದ್ದು ಎರಡರಿಂದ ಐದರವರೆಗೆ ಮಾತ್ರ, ಸಂಜೆಗೆ ಬೇರೆಯವರ ಬುಕಿಂಗ್ ಇತ್ತು. ಟ್ಯಾಕ್ಸಿಯಲ್ಲೇ ಸೀರೆಯ ನೆರಿಗೆ ಸರಿಮಾಡಿಕೊಂಡು, ಮುಖಕ್ಕೆ ಗೋಡೆಗೆ ಸುಣ್ಣ ಬಳಿದಷ್ಟು ಪೌಡರ್ ಬಳಿದುಕೊಂಡು ಸ್ಟೇಸಿ ಒಳಗೆ ಬಂದಾಗ ಜನ ಸೇರಿಯಾಗಿತ್ತು. ಅಕ್ಕನನ್ನು ಬಾಗಿಲಲ್ಲಿ ಕಂಡ ಮೇಲೆಯೇ ಲವಿನಾ ಮಣೆಯ ಮೇಲೆ ಕೂತಳು. ಹತ್ತಿರ ಬಂದಾಗ ಪೂರ್ತಿ ಮುಖ ಕಂಡು ಅವಳ ನಗು ಅರ್ಧಕ್ಕೆ ನಿಂತಿತು. ಏನು ಎಂದು ಕೇಳುವಷ್ಟರಲ್ಲಿ ಶಾಸ್ತ್ರ ನಡೆಸಿಕೊಡಲು ಬಂದಿದ್ದ ಆಲ್ವಿನ್ ಅಂಕಲ್ ಮೈಕು ಹಿಡಿದು, ಮೊದಲು ತಾಯಿಯ ಜಾಗದಲ್ಲಿ ಅಕ್ಕ ಎಂದು ಕರೆದರು. ಹೆಂಗಸರು ಹಾಡು ಎತ್ತಿಕೊಂಡರು.

ಅದೇ ಹೊತ್ತಿಗೆ ಸೊಂಟಕ್ಕೆ ಸಿಕ್ಕಿಸಿದ ಫೋನು ನಡುಗಿತು. ಅವಳು ನೋಡಲಿಲ್ಲ. ಹೆಬ್ಬೆರಳನ್ನು ಎಣ್ಣೆಯಲ್ಲಿ ಅದ್ದಿ ತಂಗಿಯ ಹಣೆಯ ಮೇಲೆ ಶಿಲುಬೆ ಎಳೆದಳು. ಅಂಗೈಯಲ್ಲಿ ತೆಂಗಿನ ಹಾಲು ತೆಗೆದುಕೊಂಡು ಎಡಗೆನ್ನೆಗೆ ಹಚ್ಚಿದಳು. ಹಣೆಯ ಎಡಭಾಗಕ್ಕೆ ಹಚ್ಚಿದಳು, ಗಲ್ಲದ ಎಡಭಾಗಕ್ಕೆ ಹಚ್ಚಿದಳು. ಮೂಗಿನ ನಡುಗೆರೆಗೆ ಬಂದ ಕೈ ಅಲ್ಲಿಯೇ ನಿಂತಿತು. ಮುಂದೆ ಹೋಗು ಎಂದರೂ ಹೋಗಲಿಲ್ಲ. ತುಟಿ ತಾನಾಗಿ ನಮಾನ್ ಮರಿಯೆ ಎಣಿಸತೊಡಗಿತು. ಒಂದು, ಎರಡು, ಮೂರು. ತಾಯಿಯನ್ನು ನೆನೆದು ಪ್ರಾರ್ಥಿಸುತ್ತಿದ್ದಾಳೆಂದು ಸುತ್ತ ನಿಂತವರು ಕಣ್ಣೊರೆಸಿಕೊಂಡರು. ಅವಳು ಕಾಯುತ್ತಿದ್ದುದು ಹಾಲು ಚರ್ಮಕ್ಕೆ ಇಳಿಯಲೆಂದು.

ಲವಿನಾ ಒದ್ದೆ ಮುಖವೆತ್ತಿ ಮೆಲ್ಲಗೆ ಕೇಳಿದಳು, “ಈ ಕೆನ್ನೆ ಯಾರಿಗೆ ಬಿಟ್ಟದ್ದು?”

ಸ್ಟೇಸಿ ಬಟ್ಟಲನ್ನು ಹತ್ತಿರ ಎಳೆದುಕೊಂಡಳು. ಆಮೇಲೆ ಎರಡೂ ಅಂಗೈ ತುಂಬ ಹಾಲು ಮೊಗೆದು ತಂಗಿಯ ಬಲಗೆನ್ನೆಗೆ, ಕಿವಿಗೆ, ಕತ್ತಿಗೆ ಸುರಿದಳು. ಜನ ನಕ್ಕರು. ಅವಳು ಅಳುತ್ತ ಸರತಿಯಿಂದ ಹೊರಗೆ ಬಂದು, ಕಂಬದ ಹಿಂದೆ ನಿಂತು ಫೋನು ತೆಗೆದಳು.

ನಾಫಿಯಾಳ ಫೋಟೋ. ಮೂರು ಗಂಟೆಯ ಬಿಸಿಲು, ಹಣೆಯ ಮೇಲೆ ಟೇಪು. ಎರಡನೇ ಸಲ ಹಚ್ಚುವ ಹೊತ್ತು. ಕೆಳಗೆ ಒಂದು ಸಾಲು: ಗೆರೆ ಸರಿ ಉಂಟಾ ಅಕ್ಕ?

ಹಾಲಿನ ಬೆರಳಿಗೆ ಫೋನಿನ ಪರದೆ ಓಗೊಡಲಿಲ್ಲ. ಸೆರಗಿನಿಂದ ಕೈ ಒರೆಸಿಕೊಂಡು ಸ್ಟೇಸಿ ಬರೆದಳು: ನಿನ್ನೆ ನಾನು ಹೇಳಿದ್ದು ಸುಳ್ಳು. ಅರವತ್ತು ದಿನಕ್ಕೆ ಮುಗಿಯುವುದಿಲ್ಲ. ನನ್ನದು ಮುಗಿಯಲಿಲ್ಲ.

ಸಂದೇಶ ಹೋಯಿತು. ಹುಡುಗಿ ಟೇಪು ಕಿತ್ತೆಸೆದಾಳು, ಸಫೀರ್ ಕಿರುಚಿಯಾನು, ತನ್ನನ್ನು ವಾಪಸು ಕರೆದಾರು. ಕರೆಯಲಿ ಎಂದುಕೊಂಡಳು. ಮೊದಲ ಕೈ ಹಚ್ಚಿಯಾಯಿತು.

ಉತ್ತರ ಕೂಡಲೇ ಬಂತು.

“ಗೊತ್ತಿತ್ತು ಅಕ್ಕ. ನಿಮ್ಮ ಮುಖ ನೋಡಿದಾಗ್ಲೇ ಗೊತ್ತಾಯ್ತು. ಬಿಟ್ಟು ಎಲ್ಲಿಗೆ ಹೋಗ್ಲಿ? ಗೆರೆ ಸರಿ ಉಂಟಾ ಹೇಳಿ, ಸರ್ ಬರ್ತಿದ್ದಾರೆ.”

ಸಭಾಂಗಣದಲ್ಲಿ ಹಾಡು ಜೋರಾಗಿತ್ತು. ಸ್ಟೇಸಿ ಫೋಟೋವನ್ನು ಹಿಗ್ಗಿಸಿ, ಸಫೀರ್ ನೋಡುವಷ್ಟೇ ಸೂಕ್ಷ್ಮವಾಗಿ ನೋಡಿದಳು. ಟೇಪು ಹಣೆಯಿಂದ ಗಲ್ಲದ ತನಕ ನೂಲು ಹಿಡಿದಷ್ಟು ನೇರವಾಗಿತ್ತು. ತಾನೇ ಕಲಿಸಿದ್ದು. ಆದರೂ ಬರೆದಳು:

“ಸರಿ ಇಲ್ಲ. ಬಲಗೆನ್ನೆಯ ಕಡೆಗೆ ಒಂದು ಬೆರಳು ಸರಿಸು.”